ಕೈಮೀರಯ್ಯ ಒಬ್ಬರನ್ನು ಬದುಕಿಸಿದ್ದು

ಸಿನಿಮಾದಲ್ಲಿ ಒಬ್ಬರು ಸಾಯಬೇಕಾದರೆ ಇಬ್ಬರು ಬೇಕು. ಸಾಯುವವರು ಒಬ್ಬರು, ಬಾಗಿಲ ಹೊರಗೆ ಬಂದು ಸತ್ತರು ಎಂದು ಹೇಳುವವರು ಇನ್ನೊಬ್ಬರು. ಸಾಯುವುದು ಯಾರ ಕೈಲಾದರೂ ಆಗುತ್ತದೆ. ಕಣ್ಣು ಮುಚ್ಚಿ ಮಲಗಿ, ಸೊಳ್ಳೆ ಕಚ್ಚಿದರೂ ಅಲುಗಾಡದೆ ಇದ್ದರೆ ಮುಗಿಯಿತು. ಹೇಳುವುದು ಕಷ್ಟ. ಆ ಕಷ್ಟದ ಕೆಲಸವನ್ನು ಮೂವತ್ತೆಂಟು ವರ್ಷ ಒಬ್ಬನೇ ಮನುಷ್ಯ ಹೊತ್ತುಕೊಂಡು ಬಂದಿದ್ದ. ತೆರೆಯ ಮೇಲೆ ಅವನ ಹೆಸರು ಬಂದದ್ದಿಲ್ಲ. ‘ಮತ್ತು ಇತರರು’ ಎಂಬ ಎರಡು ಮಾತಿನೊಳಗೆ ಅವನೂ ಎಲ್ಲೋ ಒಂದು ಕಡೆ ಕುಳಿತಿರುತ್ತಿದ್ದ. ಆದರೆ ಮುಖ ಕಂಡರೆ ಸಾಕು, ಜನ ಕರವಸ್ತ್ರ ಹುಡುಕುತ್ತಿದ್ದರು.

ಕೆಲಸ ಇಷ್ಟೇ. ಆಪರೇಷನ್ ಕೋಣೆಯ ಬಾಗಿಲ ಮೇಲಿನ ಕೆಂಪು ದೀಪ ಆರುತ್ತದೆ. ಅವನು ಹೊರಗೆ ಬರುತ್ತಾನೆ. ಮೂಗಿನ ಬಟ್ಟೆ ಕೆಳಗಿಳಿಸುತ್ತಾನೆ, ಕನ್ನಡಕ ತೆಗೆಯುತ್ತಾನೆ, ಮೂರು ಎಣಿಸುವಷ್ಟು ಹೊತ್ತು ನಾಯಕನ ಬೂಟು ನೋಡುತ್ತಾನೆ. ಆಮೇಲೆ ತಲೆ ಎಡಕ್ಕೊಂದು ಸಲ, ಬಲಕ್ಕೊಂದು ಸಲ. “ನಮ್ಮ ಕೈಲಾದದ್ದೆಲ್ಲ ಮಾಡಿದ್ವಿ. ಕೈಮೀರಿ ಹೋಗಿದೆ.” ನಾಯಕ ಸಾಧಾರಣದವನಾದರೆ ಹೆಗಲ ಮೇಲೊಂದು ಕೈ, ದೊಡ್ಡವನಾದರೆ ಅಂಗಿ ಮುದುರುತ್ತದೆಂದು ಅದೂ ಇಲ್ಲ. ಈ ಮಾತಿನಿಂದಲೇ ಸ್ಟುಡಿಯೋದವರು ಅವನಿಗೆ ಕೈಮೀರಯ್ಯ ಎಂದು ಹೆಸರಿಟ್ಟರು. ಅಪ್ಪ ಅಮ್ಮ ಇಟ್ಟ ಹೆಸರು ಅಕ್ಕನೊಬ್ಬಳನ್ನು ಬಿಟ್ಟರೆ ಯಾರಿಗೂ ನೆನಪಿರಲಿಲ್ಲ. ಅವಳೂ ಸಿಟ್ಟು ಬಂದಾಗ ಮಾತ್ರ ಅದನ್ನು ಹೊರಗೆ ತೆಗೆಯುತ್ತಿದ್ದಳು.

ಅವನೇನು ಡಾಕ್ಟರಾಗಲೆಂದು ಸಿನಿಮಾಕ್ಕೆ ಬಂದವನಲ್ಲ. ನಾಯಕನಾಗಲೆಂದು ಬಂದಿದ್ದ. ಮೊದಲ ದಿನವೇ ಡಾಕ್ಟರ ಪಾತ್ರದವನಿಗೆ ಜ್ವರ ಬಂತು. ಅವನ ಬಿಳಿ ಕೋಟು ಇವನಿಗೆ ಅಳತೆ ತೆಗೆದು ಹೊಲಿದಂತೆ ಕೂತಿತು. ಆ ಕೋಟು ಮತ್ತೆ ಮೈಯಿಂದ ಇಳಿಯಲೇ ಇಲ್ಲ. ಅಂದಿನಿಂದ ಅವನ ಕೈಯಲ್ಲಿ ಹೋದವರು ಒಬ್ಬಿಬ್ಬರಲ್ಲ: ನಾಯಕರ ತಾಯಂದಿರು, ತಂಗಿಯರು, ಮೂವರು ಮಂತ್ರಿಗಳು, ಒಂದು ಸಲ ಒಂದು ಆನೆ. ಆನೆಗೆ ಬೇರೆ ಡಾಕ್ಟರು ಇರುತ್ತಾರೆಂದು ಅವನು ಹೇಳಿ ನೋಡಿದ. “ಜನ ಅಳೋದು ನಿಮ್ಮ ಮುಖಕ್ಕೆ ಸ್ವಾಮಿ, ಆನೆಗಲ್ಲ” ಎಂದು ನಿರ್ದೇಶಕರು ಅವನ ಬಾಯಿ ಮುಚ್ಚಿಸಿದರು.

ಹನ್ನೆರಡು ವರ್ಷದ ಹಿಂದೆ ಅವನ ಹೆಂಡತಿ ನಿಜವಾದ ಆಸ್ಪತ್ರೆಯಲ್ಲಿ ತೀರಿಕೊಂಡಾಗ ಯಾವ ಡಾಕ್ಟರೂ ಹೊರಗೆ ಬರಲಿಲ್ಲ. ನೆಲ ಒರೆಸುತ್ತಿದ್ದ ಆಯಾ ಒಬ್ಬಳು ತಲೆಯೆತ್ತದೆ, “ಒಂಬತ್ತನೇ ಬೆಡ್ಡಿನವರಾ? ಮುಗೀತು, ಒಳಗೆ ಹೋಗಿ. ನೋಡ್ಕೊಂಡು ಹೋಗಿ, ನೆಲ ಒದ್ದೆ ಇದೆ” ಎಂದಳು. ಅಷ್ಟೇ. ತಿಂಗಳು ಕಳೆದು ಮತ್ತೆ ಕೋಟು ತೊಟ್ಟಾಗ ಅವನು ಬೂಟು ನೋಡುವ ಹೊತ್ತನ್ನು ಮೂರರಿಂದ ಐದಕ್ಕೆ ಏರಿಸಿದ. ದೇವರು ಕರೆದುಕೊಂಡ ಜೀವದ ಸುದ್ದಿ ಹೇಳುವುದಕ್ಕೆ ಅಷ್ಟಾದರೂ ಹೊತ್ತು ಸಲ್ಲಬೇಕು ಎಂದು ಅವನ ಮನಸ್ಸಿಗೆ ತೋರಿತ್ತು. ಯಾಕೆ ಎಳೆಯುತ್ತೀರಿ ಎಂದು ಯಾರೂ ಕೇಳಲಿಲ್ಲ.

ಈಗ ಅವನಿಗೆ ಅರವತ್ತೆಂಟು. ಮನೆಯಲ್ಲಿ ಇದ್ದವರು ಇಬ್ಬರೇ, ಅವನು ಮತ್ತು ಎಪ್ಪತ್ತೈದರ ಅಕ್ಕ. ಭಾವ ಹೋದಮೇಲೆ ಅಕ್ಕ ಒಂದು ಪೆಟ್ಟಿಗೆ ಮತ್ತು ಒಂದು ಒರಳುಕಲ್ಲಿನೊಡನೆ ತಮ್ಮನ ಎರಡು ಕೋಣೆಯ ಮನೆಗೆ ಬಂದಿದ್ದಳು. ಬೆಳಿಗ್ಗೆ ದೇವರ ಮುಂದೆ ಒಂದು ಗಂಟೆ ಕೂರುತ್ತಿದ್ದಳು. ಉಳಿದ ಹೊತ್ತು ತಮ್ಮನನ್ನು ಕೂರಿಸಿಕೊಂಡು ಬಯ್ಯುತ್ತಿದ್ದಳು. ಆ ಅಕ್ಕನ ಪಿತ್ತಕೋಶದಲ್ಲಿ ಕಲ್ಲು ಸಿಕ್ಕಿತು. ತಿಂಗಳೊಳಗೆ ತೆಗೆಯಲೇಬೇಕು, ಕಲ್ಲು ಜಾರಿ ನಾಳದಲ್ಲಿ ಸಿಕ್ಕಿಕೊಂಡರೆ ಜೀವಕ್ಕೇ ಅಪಾಯ ಎಂದು ಆಪರೇಷನ್ ಮಾಡುವ ಡಾಕ್ಟರಮ್ಮ ಕಡ್ಡಿ ಮುರಿದಂತೆ ಹೇಳಿದರು. ಅಕ್ಕ ಮನೆಗೆ ಬಂದು ಚಪ್ಪಲಿ ಬಿಡುತ್ತಲೇ ಅಷ್ಟೇ ಖಂಡಿತವಾಗಿ ಹೇಳಿದಳು.

“ಮಾಡಿಸ್ಕೋತೀನಿ. ಆದ್ರೆ ಮೊದಲು ನೀನು ಒಬ್ಬರನ್ನ ಬದುಕಿಸು.”

“ನಾನಾ?”

“ಮತ್ತಿನ್ಯಾರು? ಮೂವತ್ತೆಂಟು ವರ್ಷದಲ್ಲಿ ಒಂದೇ ಒಂದು ಜೀವ ಉಳಿಸಿದೀಯಾ? ಒಂದು ನೆಗಡಿಯಾದ್ರೂ ವಾಸಿ ಮಾಡಿದೀಯಾ?”

“ಅಕ್ಕಾ, ಅದು ಸಿನಿಮಾ ಕಣೇ. ನಿನಗೆ ಆಪರೇಷನ್ ಮಾಡೋದು ನಾನಲ್ಲ.”

“ಅಷ್ಟು ಗೊತ್ತಿಲ್ವಾ ನನಗೆ? ನೀನು ಮಾಡೋ ಹಾಗಿದ್ರೆ ಈ ಚಪ್ಪಲಿ ಬಿಡ್ತಾನೇ ಇರ್ಲಿಲ್ಲ, ಹಾಗೇ ಓಡಿಹೋಗ್ತಿದ್ದೆ. ಕಣ್ಣು ಮುಚ್ಚಿದ್ರೆ ಸಾಕು, ನೀನು ಆ ಬಾಗಿಲಿಂದ ಹೊರಗೆ ಬಂದು ಕನ್ನಡಕ ತೆಗೀತೀಯ. ಎದೆ ಧಸಕ್ ಅನ್ನುತ್ತೆ. ಆ ಮುಖ ನನ್ನ ತಲೆಯಿಂದ ಹೋಗಬೇಕು. ಒಂದು ಸಲ, ಒಂದೇ ಸಲ, ನೀನು ನಗುತ್ತಾ ಹೊರಗೆ ಬಂದದ್ದನ್ನ ನಾನು ನೋಡಬೇಕು. ಆಮೇಲೆ ಎಲ್ಲಿ ಮಲಗು ಅಂತೀರೋ ಅಲ್ಲಿ ಮಲಗ್ತೀನಿ.”

ಅವಳು ಹಟ ಹಿಡಿದರೆ ಭಾವನೇ ಜಗ್ಗಿಸಲಾರದೆ ಹೋದದ್ದು ಅವನಿಗೆ ಗೊತ್ತಿತ್ತು. ಮರುದಿನವೇ ಕೈಮೀರಯ್ಯ ನಿರ್ದೇಶಕರ ಬಾಗಿಲು ತಟ್ಟಲು ಹೊರಟ.

ಮೊದಲಿನವರು ಹಳೆಯ ಪರಿಚಯ. ಇವನ ಕೈಯಲ್ಲಿ ಹನ್ನೊಂದು ತಾಯಂದಿರನ್ನು ಕೊಲ್ಲಿಸಿದ್ದವರು. ಕಥೆ ಕೇಳಿ ಕುರ್ಚಿಯಿಂದ ಎದ್ದರು. “ತಾಯಿ ಬದುಕಿದ್ರೆ ಮಗ ಸೇಡು ಯಾಕಯ್ಯ ತೀರಿಸ್ಕೋತಾನೆ? ಆಸ್ಪತ್ರೆಯಿಂದ ಅಮ್ಮನ್ನ ಮನೆಗೆ ಕರ್ಕೊಂಡು ಹೋಗ್ತಾನೆ, ಗಂಜಿ ಕುಡಿಸ್ತಾನೆ, ಕಥೆ ಮುಗೀತು. ಅರ್ಧ ಗಂಟೆ ಗಂಜಿ ಕುಡಿಸೋದನ್ನ ಯಾರು ನೋಡ್ತಾರೆ?”

ಎರಡನೆಯವರು ಆಗಲೆಂದರು, ಆದರೆ ಬೇರೆ ಡಾಕ್ಟರನ್ನು ಹಾಕುತ್ತೇವೆ ಎಂದರು. “ಬೇಜಾರು ಮಾಡ್ಕೋಬೇಡಿ. ನೀವು ತೆರೆ ಮೇಲೆ ಬಂದ ಕೂಡಲೇ ಜನ ಎದ್ದು ಹೋಗ್ತಾರೆ, ಸತ್ತಳು ಅಂತ ತೀರ್ಮಾನ ಮಾಡಿ. ನೀವು ಬಾಯಿ ಬಿಡೋ ಹೊತ್ತಿಗೆ ಅವರು ಸೈಕಲ್ ಸ್ಟ್ಯಾಂಡಿನಲ್ಲಿರ್ತಾರೆ.”

ಮೂರನೆಯವನು ಇನ್ನೂ ಎಳೆಯ, ಬಿಸಿಲಿರಲಿ ಇಲ್ಲದಿರಲಿ ಟೋಪಿ ಹಾಕುವವನು. ಎಲ್ಲರೂ ಅವನನ್ನು ಟೋಪಿ ನಿರ್ದೇಶಕ ಎಂದೇ ಕರೆಯುತ್ತಿದ್ದರು. ಅವನಿಗೆ ಒಂದು ತೊಡಕಿತ್ತು. ಅವನ ಕಥೆಯ ಕೇಡಿ ಕೊನೆಯಲ್ಲಿ ಬೆಟ್ಟದಿಂದ ಬೀಳುತ್ತಾನೆ. ಆದರೆ ಎರಡನೆಯ ಭಾಗಕ್ಕೆ ಅವನೇ ಬೇಕು. ಹಾಗಾಗಿ ಬದುಕಲೇಬೇಕು.

“ಕೇಡಿನಾ?” ಎಂದ ಕೈಮೀರಯ್ಯ.

“ಕೇಡಿ ಜೀವ ಜೀವ ಅಲ್ವಾ ಸಾರ್?”

ಕೈಮೀರಯ್ಯ ಒಪ್ಪಿಕೊಂಡ. ಮನೆಗೆ ಬಂದು ಒಬ್ಬರನ್ನು ಬದುಕಿಸುತ್ತಿದ್ದೇನೆ ಎಂದಷ್ಟೇ ಹೇಳಿದ. ಯಾರನ್ನು ಎಂಬುದನ್ನು ನುಂಗಿಕೊಂಡ. ಸಿನಿಮಾ ತೆರೆಗೆ ಬರುವಷ್ಟು ದಿನ ಕಲ್ಲು ಕಾಯುವುದಿಲ್ಲವಾದ್ದರಿಂದ, ಶೂಟಿಂಗಿಗೇ ಬಂದು ಕಣ್ಣಾರೆ ನೋಡುತ್ತೇನೆ ಎಂದು ಅಕ್ಕ ಹೊರಟುನಿಂತಳು.

ಸ್ಟುಡಿಯೋ ಎಂದರೆ ತಗಡಿನ ಮಾಡಿನ ದೊಡ್ಡ ಶೆಡ್ಡು. ಅದರೊಳಗೆ ಪ್ಲೈವುಡ್ಡಿನ ಆಸ್ಪತ್ರೆ. ಗೋಡೆಗೆ ಒರಗಿದರೆ ಗೋಡೆಯೇ ಹಿಂದಕ್ಕೆ ಹೋಗುತ್ತಿತ್ತು. ಅಕ್ಕನಿಗೆ ಕ್ಯಾಮೆರಾದ ಪಕ್ಕದಲ್ಲಿ ಒಂದು ಪ್ಲಾಸ್ಟಿಕ್ ಕುರ್ಚಿ ಹಾಕಿದರು. ಇನ್ನೊಂದು ಕುರ್ಚಿಯಲ್ಲಿ ಮೈತುಂಬ ಬ್ಯಾಂಡೇಜು ಸುತ್ತಿಕೊಂಡ ದಢೂತಿ ಮನುಷ್ಯನೊಬ್ಬ ಬಾಯಿಯಷ್ಟು ಜಾಗ ಬಿಡಿಸಿಕೊಂಡು ಬಿಸ್ಕತ್ತು ತಿನ್ನುತ್ತಿದ್ದ.

“ನೀನೇನಪ್ಪಾ ರೋಗಿ?” ಅಕ್ಕ ಕರುಣೆಯಿಂದ ಕೇಳಿದಳು.

“ಹೌದಮ್ಮ. ಬಿಸ್ಕತ್ತು ತಗೊಳ್ಳಿ.”

“ಬೇಡಪ್ಪ, ಎಣ್ಣೆ ಬೆಣ್ಣೆ ಎಲ್ಲಾ ಬಿಡಿಸಿದಾರೆ. ಏನಾಗಿದೆ ನಿನಗೆ?”

“ಬೆಟ್ಟದಿಂದ ಬಿದ್ದಿದೀನಿ.”

“ಅಯ್ಯೋ ಪಾಪ. ಅಲ್ಲಿಗೆ ಯಾಕೆ ಹೋಗಿದ್ದೆ?”

“ತಪ್ಪಿಸ್ಕೊಂಡು ಓಡ್ತಿದ್ದೆ. ಎರಡು ಊರು ಸುಟ್ಟಿದ್ದೆನಲ್ಲ.”

ಅಕ್ಕ ಕುರ್ಚಿಯನ್ನು ಒಂದಷ್ಟು ದೂರ ಎಳೆದುಕೊಂಡಳು. “ಎರಡು ಊರು! ಯಾಕಪ್ಪಾ ಸುಟ್ಟೆ?”

ಕೇಡಿ ಬಿಸ್ಕತ್ತು ಅಗಿಯುವುದನ್ನು ನಿಲ್ಲಿಸಿ ಯೋಚಿಸಿದ. “ಅದನ್ನ ಅವರು ಹೇಳೇ ಇಲ್ಲಮ್ಮ.”

ಅಕ್ಕ ತಮ್ಮನ ಕಡೆ ತಿರುಗಿದಳು. ಕೈಮೀರಯ್ಯ ಕೋಟಿನ ಗುಂಡಿ ಎಣಿಸುತ್ತಾ ನಿಂತಿದ್ದ. “ಹೋಗಿ ಹೋಗಿ ಇವನನ್ನ ಬದುಕಿಸ್ತೀಯೇನೋ? ಅಷ್ಟೊಂದು ತಾಯಂದಿರಲ್ಲಿ ಒಬ್ಬಳು ಸಿಗಲಿಲ್ವಾ?”

“ಸಿಕ್ಕಿದ್ದು ಇವರೊಬ್ಬರೇ ಅಕ್ಕ. ಒಳ್ಳೆಯವರೆಲ್ಲ ಸಾಯಲೇಬೇಕಂತೆ.”

“ಆಗಲಿ,” ಎಂದಳು ಅಕ್ಕ. “ದೇವರು ಇವನಿಗೂ ಉಸಿರು ಕೊಟ್ಟಿದಾನೆ. ಬದುಕಿಸು. ಆದ್ರೆ ನಗುತ್ತಾ ಬರಬೇಕು.”

ದೃಶ್ಯ ಸರಳವಾಗಿತ್ತು. ಹೊರಗೆ ಕೇಡಿಯ ಹೆಂಡತಿ ಕಾಯುತ್ತಿರುತ್ತಾಳೆ. ಡಾಕ್ಟರು ಬಂದು “ಭಯ ಬೇಡ. ಬದುಕಿದ್ದಾರೆ” ಎನ್ನುತ್ತಾರೆ. ಅವಳು ನಗುತ್ತಾಳೆ. ಮಧ್ಯಾಹ್ನದ ಊಟಕ್ಕೆ ಮೊದಲೇ ಮುಗಿಯುತ್ತದೆ ಎಂದು ಟೋಪಿ ನಿರ್ದೇಶಕ ಗಡಿಯಾರ ನೋಡಿ ಹೇಳಿದ.

ದೀಪ ಆರಿತು. ಕೈಮೀರಯ್ಯ ಹೊರಗೆ ಬಂದ. ಬಟ್ಟೆ ಇಳಿಸಿದ, ಕನ್ನಡಕ ತೆಗೆದ, ಹೆಂಡತಿಯ ಚಪ್ಪಲಿಯನ್ನು ಐದು ಎಣಿಸುವಷ್ಟು ಹೊತ್ತು ನೋಡಿದ, ತಲೆಯನ್ನು ಎಡಕ್ಕೊಂದು ಸಲ ಬಲಕ್ಕೊಂದು ಸಲ ಆಡಿಸಿ, “ಬದುಕಿದ್ದಾರೆ” ಎಂದ. ಹೆಂಡತಿ ಗೊಳೋ ಎಂದು ಅತ್ತುಬಿಟ್ಟಳು.

“ಕಟ್! ಯಾಕಮ್ಮ ಅಳ್ತೀರಿ? ನಗಬೇಕು!”

“ಅವರ ಮುಖ ನೋಡಿ ಸಾರ್, ನನಗೆ ನಮ್ಮಪ್ಪ ಹೋದದ್ದು ನೆನಪಾಯ್ತು!”

ಎರಡನೆಯ ಸಲ ಕನ್ನಡಕವನ್ನೇ ಕಿತ್ತಿಟ್ಟರು. ಅವನ ಕೈ ತಾನಾಗಿ ಮೇಲೆ ಹೋಗಿ ಇಲ್ಲದ ಕನ್ನಡಕವನ್ನು ತೆಗೆಯಿತು. ಮೂರನೆಯ ಸಲ ಕೈಗಳನ್ನು ಕೋಟಿನ ಜೇಬಿನಲ್ಲಿ ಇಡಿಸಿದರು, ತಲೆ ಆಡಿತು. ನಾಲ್ಕನೆಯ ಸಲ ತಲೆ ಆಡದಂತೆ ಕುತ್ತಿಗೆಗೆ ಪಟ್ಟಿ ಬಿಗಿದರು. ಡಾಕ್ಟರಿಗೇ ಕುತ್ತಿಗೆ ಪಟ್ಟಿ ಯಾಕೆ ಎಂದು ಯಾರೋ ಕೇಳಿದ್ದಕ್ಕೆ, “ಆಪರೇಷನ್ ಹೊತ್ತಿನಲ್ಲಿ ಕೇಡಿ ಒದ್ದಿರಬಹುದು” ಎಂದು ನಿರ್ದೇಶಕ ಉತ್ತರ ಕೊಟ್ಟ. ತಲೆ ನಿಂತಿತು. ಆದರೆ ಅಲ್ಲಿ ಆಡದ ದುಃಖವೆಲ್ಲ ಕಣ್ಣಿಗೆ ಇಳಿಯಿತು. ದೀಪ ಹಿಡಿದ ಇಬ್ಬರೂ ಮೂಗು ಒರೆಸಿಕೊಂಡರು. ಏಳನೆಯ ಸಲಕ್ಕೆ ಕೇಡಿಯೇ ಬ್ಯಾಂಡೇಜು ಸಮೇತ ಬಾಗಿಲಿನಿಂದ ಇಣುಕಿದ. “ಸಾರ್, ನಿಜ ಹೇಳಿ. ಎರಡನೇ ಭಾಗದಲ್ಲಿ ನಾನಿದೀನಾ ಇಲ್ವಾ?”

“ನಗೋ!” ಎಂದು ಅಕ್ಕ ಕುರ್ಚಿಯಿಂದಲೇ ಗದರಿದಳು. “ಏನಾದ್ರೂ ಒಳ್ಳೇದು ನೆನಪು ಮಾಡ್ಕೊಂಡು ನಗೋ, ಮಂಕೇ!”

ನಕ್ಕು ನೋಡಿದ. ಹೆಂಡತಿಯ ಪಾತ್ರದವಳು ಎರಡು ಹೆಜ್ಜೆ ಹಿಂದೆ ಸರಿದಳು. ಅವಳ ಹಿಂದಿನ ಗೋಡೆಯೂ ಸರಿಯಿತು.

ಹದಿನಾಲ್ಕನೆಯ ಸಲವೂ ಹಾಗೇ ಆದಾಗ ಟೋಪಿ ನಿರ್ದೇಶಕ ಟೋಪಿ ತೆಗೆದ. ಹಾಗೆ ಅವನು ತೆಗೆದದ್ದನ್ನು ಅಲ್ಲಿದ್ದ ಯಾರೂ ನೋಡಿರಲಿಲ್ಲ. “ತಪ್ಪು ತಿಳ್ಕೋಬೇಡಿ ಸಾರ್. ಇನ್ನೊಂದೇ ಒಂದು. ಆಗದಿದ್ರೆ ನಮ್ಮ ಬಡಗಿಗೆ ಕೋಟು ಹಾಕಿಸ್ತೀನಿ. ಅವನು ಯಾವಾಗಲೂ ನಗ್ತಾ ಇರ್ತಾನೆ.”

ಕೈಮೀರಯ್ಯ ಬಾಗಿಲ ಹಿಂದೆ ಹೋಗಿ ನಿಂತ. ಒಳ್ಳೆಯದನ್ನು ನೆನೆದುಕೊಳ್ಳಲು ನೋಡಿದ. ಆಸ್ಪತ್ರೆಯ ಬಾಗಿಲಲ್ಲಿ ಅವನಿಗೆ ಯಾರೂ ಒಳ್ಳೆಯ ಸುದ್ದಿ ಹೇಳಿರಲಿಲ್ಲ. ಹೇಳುವವರ ಮುಖ ಹೇಗಿರುತ್ತದೋ ಅವನು ಕಂಡವನಲ್ಲ. ಕಾಣದ್ದನ್ನು ಮಾಡುವುದು ಹೇಗೆ? ಈ ಒಂದು ಸಲ ಆಗದೆ ಹೋದರೆ ಅಕ್ಕ ಮನೆಗೆ ಹೋಗಿ ದೇವರ ಮುಂದೆ ಕೂರುತ್ತಾಳೆ, ಕಲ್ಲು ಜಾರುತ್ತದೆ. ದೇವರೇ, ಎಂದ. ಅದಕ್ಕಿಂತ ಹೆಚ್ಚೇನೂ ಬಾಯಿಗೆ ಬರಲಿಲ್ಲ. ದೀಪ ಆರಿತು.

ಬಾಗಿಲು ತೆರೆದು ಹೊರಗೆ ಬಂದಾಗ ಅವನ ಕಣ್ಣು ಕೇಡಿಯ ಹೆಂಡತಿಯ ಚಪ್ಪಲಿಗೆ ಹೋಗಲಿಲ್ಲ. ಕ್ಯಾಮೆರಾದ ಪಕ್ಕದ ಕುರ್ಚಿಯಲ್ಲಿ ಅಕ್ಕ ಮುಂದಕ್ಕೆ ಬಾಗಿದ್ದಳು. ಬಲ ಪಕ್ಕೆಯನ್ನು ಒತ್ತಿಕೊಂಡು ತುಟಿ ಕಚ್ಚಿಕೊಂಡಿದ್ದಳು, ಯಾರೂ ನೋಡದಿರಲಿ ಎಂದು. ಅವನು ನೇರ ಅವಳ ಬಳಿ ನಡೆದ. ಕೇಡಿಯ ಹೆಂಡತಿಯ ಹೆಗಲು ತಾಗಿದರೂ ತಿಳಿಯಲಿಲ್ಲ. ಬಗ್ಗಿ, ಕುತ್ತಿಗೆ ಪಟ್ಟಿಯಿಂದಾಗಿ ಇಡೀ ಮೈಯನ್ನೇ ಬಗ್ಗಿಸಿ, “ಭಯ ಬೇಡ ಅಕ್ಕ,” ಎಂದ. “ಬದುಕ್ತೀಯ. ನಾನಿದೀನಲ್ಲ.”

ಕ್ಯಾಮೆರಾದವನು ರೂಢಿಯ ಬಲದಿಂದ ಅವನ ಮುಖವನ್ನೇ ಹಿಂಬಾಲಿಸಿದ್ದ.

“ಡೈಲಾಗು ಅದಲ್ಲ,” ಎಂದ ನಿರ್ದೇಶಕ ಮೆಲ್ಲಗೆ. “ಅಕ್ಕ ಅಂದುಬಿಟ್ರಲ್ಲ.”

“ಕೇಡಿ ಹೆಂಡತಿನ ಅಕ್ಕ ಅನ್ನಬಾರದಾ?” ಎಂದ ಕ್ಯಾಮೆರಾದವನು. “ಮರ್ಯಾದಸ್ತ ಡಾಕ್ಟರು. ಮುಖ ನೋಡಿ, ಮತ್ತೆ ಸಿಗಲ್ಲ ಇದು.”

ಅಕ್ಕನಿಗೆ ಇದ್ಯಾವುದೂ ಕೇಳಿಸಲಿಲ್ಲ. ತಮ್ಮನ ಕೋಟು ಹಿಡಿದು ಎದ್ದು ನಿಂತಳು. “ನಗಲಿಲ್ಲ ನೀನು,” ಎಂದಳು ಹಲ್ಲು ಕಚ್ಚಿಕೊಂಡು. “ಪರವಾಗಿಲ್ಲ ನಡಿ. ಇಷ್ಟಕ್ಕೇ ಒಪ್ಕೋತೀನಿ. ನೋವು ಜಾಸ್ತಿ ಆಯ್ತು ಕಣೋ.”

ಕೇಡಿ ಬ್ಯಾಂಡೇಜು ಬಿಚ್ಚುವುದಕ್ಕೂ ನಿಲ್ಲದೆ ತನ್ನ ಕಾರನ್ನು ಬಾಗಿಲಿಗೆ ತಂದ. ಎರಡು ಊರು ಸುಟ್ಟವನು ದಾರಿಯುದ್ದಕ್ಕೂ ಹಳ್ಳ ಬಂದಲ್ಲೆಲ್ಲ “ಸಾರಿ ಅಮ್ಮ, ಸಾರಿ ಅಮ್ಮ” ಎನ್ನುತ್ತಾ ಓಡಿಸಿದ.

ಆಸ್ಪತ್ರೆಯಲ್ಲಿ ಬೇರೆಯೇ ಗಲಾಟೆಯಾಯಿತು. ಬಿಳಿ ಕೋಟಿನ ಕೈಮೀರಯ್ಯ ಬಾಗಿಲು ದಾಟಿ ಒಳಗೆ ಕಾಲಿಡುತ್ತಲೇ ಸಾಲಾಗಿ ಕುಳಿತಿದ್ದವರಲ್ಲಿ ಒಬ್ಬರು ಮುದುಕರು ಚೀಟಿ ಕೆಳಗೆ ಬಿಟ್ಟರು. “ಅಯ್ಯೋ, ಇವರೇ ಬಂದುಬಿಟ್ರಲ್ಲೋ! ಏಳ್ರಿ, ಮನೆಗೆ ಹೋಗೋಣ!” ಒಬ್ಬ ಹೆಂಗಸು ಗಂಡನ ಬಾಯಿಂದ ಥರ್ಮಾಮೀಟರು ಕಿತ್ತಳು. ಇನ್ನೊಬ್ಬಳು ಕೈ ಮುಗಿದು, “ನಮ್ಮವರದು ಬರೀ ಹೊಟ್ಟೆನೋವು, ಡಾಕ್ಟ್ರೇ, ದಯವಿಟ್ಟು ನೀವು ನೋಡಬೇಡಿ” ಎಂದು ಅಂಗಲಾಚಿದಳು. ಐದು ನಿಮಿಷದೊಳಗೆ ಮೂರು ಜನರ ರಕ್ತದೊತ್ತಡ ಏರಿತು. ದೊಡ್ಡ ನರ್ಸು ಓಡಿ ಬಂದು, ಅಕ್ಕನನ್ನು ಗಾಲಿ ಮಂಚದ ಮೇಲೆ ಆಪರೇಷನ್ ಕೋಣೆಗೆ ಕಳಿಸಿ, ತಮ್ಮನ ತೋಳು ಹಿಡಿದಳು.

“ನೀವು ವಾರ್ಡಿನ ಕಡೆ ಬರಕೂಡದು.”

“ನಮ್ಮ ಅಕ್ಕ ಒಳಗಿದಾಳೆ ತಾಯಿ.”

“ನಮ್ಮ ಆಸ್ಪತ್ರೆ ಪೂರ್ತಿ ಒಳಗಿದೆ!” ಎಂದು ಅವನನ್ನು ಬಟ್ಟೆಗಳ ಕೋಣೆಗೆ ತಳ್ಳಿ ಬಾಗಿಲು ಮುಂದೆ ಮಾಡಿದಳು.

ನಾಲ್ಕು ಗೋಡೆಗೂ ಮಾಡಿನವರೆಗೆ ಮಡಿಸಿದ ಹಾಸು, ದಿಂಬಿನ ಚೀಲ, ಹಸಿರು ಬಟ್ಟೆ. ಸೋಪಿನ ವಾಸನೆ. ಕಿಟಕಿಯಿಲ್ಲ, ಕೆಂಪು ದೀಪವಿಲ್ಲ. ಒಳಗೆ ಏನು ನಡೆಯುತ್ತಿದೆ ಎಂದು ತಿಳಿಯುವ ದಾರಿಯೇ ಇಲ್ಲ. ಹಾಸಿನ ಒಂದು ಗಂಟಿನ ಮೇಲೆ ಕುಳಿತು, ಬಾಲ್ಯದಲ್ಲಿ ಅಕ್ಕನೇ ಕಲಿಸಿದ್ದ ಪ್ರಾರ್ಥನೆಯನ್ನು ಹೇಳಿಕೊಂಡ. ಅರ್ಧಕ್ಕೆ ಮರೆತು ಮತ್ತೆ ಮೊದಲಿಂದ ಹಿಡಿದ. ಹೀಗೆ ಎಷ್ಟು ಸಲವೋ. ಮರೆತ ಸಾಲನ್ನು ಕೇಳೋಣವೆಂದರೆ ಗೊತ್ತಿದ್ದವಳು ಒಳಗೆ ಮಲಗಿದ್ದಳು.

ಬಾಗಿಲು ತೆರೆದಾಗ ಅವನು ಮತ್ತೆ ಮೊದಲ ಸಾಲಿನಲ್ಲೇ ಇದ್ದ. ಡಾಕ್ಟರಮ್ಮ ನಿಂತಿದ್ದರು. ಒಂದು ಕೈಯಲ್ಲಿ ಚಹಾದ ಲೋಟ, ಇನ್ನೊಂದರಲ್ಲಿ ಅರ್ಧ ಕಚ್ಚಿದ ಬಾಳೆಹಣ್ಣು.

“ಇಲ್ಲಿದೀರಾ? ಎಲ್ಲಾ ಕಡೆ ಹುಡುಕಿದೆ. ಆಯ್ತು. ಚೆನ್ನಾಗಿದಾರೆ.” ಬಾಳೆಹಣ್ಣು ಇನ್ನೊಂದು ಸಲ ಕಚ್ಚಿದರು. “ಆ ಗಂಟಿನ ಮೇಲಿಂದ ಏಳಿ. ಒಗೆದಿರೋ ಬಟ್ಟೆ ಅದು.”

ಅವನು ಎದ್ದ. “ಇನ್ನೊಂದು ಸಲ ಹೇಳ್ತೀರಾ?”

“ಒಗೆದಿರೋ ಬಟ್ಟೆ.”

“ಅದಲ್ಲ, ಅದಕ್ಕೆ ಮುಂಚೆ ಹೇಳಿದ್ದು.”

“ಚೆನ್ನಾಗಿದಾರೆ. ಕಲ್ಲು ಹನ್ನೆರಡಿತ್ತು, ಎಲ್ಲಾ ತೆಗೆದ್ವಿ. ಏನ್ರೀ, ನಿಂತಲ್ಲೇ ಹೀಗೆ ಅಳ್ತಾ ಇದೀರಿ? ಮೂಗು ಒರೆಸ್ಕೊಳ್ಳಿ. ಅಯ್ಯೋ, ಆ ಹಾಸಿನಿಂದಲ್ಲ!”

ಸಂಜೆ ಅಕ್ಕನ ಮಂಚದ ಬಳಿ ಅವನನ್ನು ಬಿಟ್ಟರು, ಕೋಟು ಬಿಚ್ಚಿಟ್ಟು ಬರಬೇಕೆಂಬ ಕರಾರಿನ ಮೇಲೆ. ಅಕ್ಕ ಅರೆಗಣ್ಣು ತೆರೆದು ನೋಡಿದಳು. ಅವನು ಇನ್ನೂ ಅಳುತ್ತಿದ್ದ.

“ಯಾಕೋ? ಸತ್ತೆನಾ ನಾನು?”

“ಇಲ್ಲ ಅಕ್ಕ.”

“ಸರಿಯಾಗಿ ಕೇಳ್ಕೊಂಡೆಯಾ?”

“ನಾಲ್ಕು ಸಲ ಕೇಳಿದೆ.”

“ಮತ್ತೆ ಈ ಅಳು ಯಾಕೆ? ಇಷ್ಟು ಚೆನ್ನಾಗಿ ಅಳೋಕೆ ಬರುತ್ತೆ ಅಂತ ಗೊತ್ತಿದ್ರೆ ಯಾರಾದ್ರೂ ನಿನಗೆ ತಂದೆ ಪಾತ್ರ ಕೊಡ್ತಿದ್ರು. ದಡ್ಡ.” ಇಷ್ಟು ಹೇಳಿ, ಅವನ ಹೆಬ್ಬೆರಳನ್ನು ಮಗುವಿನ ಹಾಗೆ ಮುಷ್ಟಿಯಲ್ಲಿ ಹಿಡಿದು ನಿದ್ದೆಹೋದಳು.

ನಿದ್ದೆ ಹತ್ತುತ್ತಲೇ ಗೊರಕೆ ಸುರುವಾಯಿತು. ಮರ ಕೊಯ್ಯುವಂಥ ಗೊರಕೆ. ಮಂಚದ ಪಕ್ಕದ ಗಾಜಿನ ಲೋಟ ಸಣ್ಣಗೆ ನಡುಗಿತು. ಆಚೆ ಮಂಚದ ಹೆಂಗಸು ಮೊದಲು ಮಗ್ಗುಲು ಬದಲಿಸಿದಳು, ಆಮೇಲೆ ತಲೆದಿಂಬಿನಿಂದ ಕಿವಿ ಮುಚ್ಚಿಕೊಂಡಳು, ಕೊನೆಗೆ ತಾಳಲಾರದೆ ಎದ್ದು ಕುಳಿತಳು.

“ಸ್ವಾಮಿ, ಸ್ವಲ್ಪ ಅವರನ್ನ ಅಲುಗಾಡಿಸಿ. ನಿಲ್ಲುತ್ತೆ.”

ಕೈಮೀರಯ್ಯ ಒಂದು ಕೈ ಅಕ್ಕನ ಮುಷ್ಟಿಯಲ್ಲೇ ಬಿಟ್ಟು, ಇನ್ನೊಂದನ್ನು ಎದೆಯ ಮೇಲಿಟ್ಟುಕೊಂಡ.

“ನಿಲ್ಲೋದು ಬೇಡ ತಾಯಿ,” ಎಂದ. “ಇವತ್ತೊಂದು ದಿನ ಹೊಡೀಲಿ ಬಿಡಿ.”